ಗುರುಶಿದ್ದಪ್ಪ ಸಹಿ ಹಾಕಿದ ಒಪ್ಪಿಗೆ ಪತ್ರ

ಹುಬ್ಬಳ್ಳಿಯ ರೈಲ್ವೆ ಸಿಬ್ಬಂದಿ ವಿಭಾಗದ ಈ ಕುರ್ಚಿಯಲ್ಲಿ ನಾನು ಗುಮಾಸ್ತೆ ‘ಬಾಯಾರು’ ಎನಿಸಿಕೊಂಡು ಕೂತು ಇಪ್ಪತ್ತೆರಡು ವರ್ಷವಾಯಿತು. ಸ್ವಂತ ಕೋರಿಕೆಯ ಮೇಲೆ ವರ್ಗ ಮಾಡಿಸಿಕೊಂಡು ಬರುವವರು ಒಪ್ಪಿಗೆ ಪತ್ರಕ್ಕೆ ಸಹಿ ಹಾಕುವಾಗ ಹುಲಿ, ಮೊದಲ ಸಂಬಳ ಕೈಗೆ ಬಂದಾಗ ಇಲಿ. ಅಂಥವರನ್ನು ಬೇಕಾದಷ್ಟು ನೋಡಿದ್ದೇನೆ.

ಗುರುಶಿದ್ದಪ್ಪ ಹೊಂಬಳ ತಮಿಳುನಾಡಿನ ಅರಕ್ಕೋಣದ ರೈಲು ಎಂಜಿನ್ ಶೆಡ್ಡಿನಲ್ಲಿ ಹದಿನೈದು ವರ್ಷ ದುಡಿದು ಹಿರಿಯ ಫಿಟ್ಟರ್ ಆದವನು. ಕೈಕೆಳಗೆ ಹನ್ನೆರಡು ಜನ. ಹೆಂಡತಿ ನೀಲವ್ವ ಇಲ್ಲಿ ನಮ್ಮ ಶೆಡ್ಡಿನ ಗೇಟಿನೆದುರು ಖಾನಾವಳಿ ನಡೆಸುತ್ತಾಳೆ. ಅವಳು ಅದನ್ನು ಬಿಟ್ಟು ಹೋಗುವಂತಿಲ್ಲ. ಹೋದರೆ ಅರ್ಧ ಶೆಡ್ಡು ಉಪವಾಸ. ಹೀಗಾಗಿ ತಿಂಗಳಿಗೆ ಎರಡು ದಿನದ ಸಂಸಾರ. ಜಾಗದ ಅದಲುಬದಲಿಗೆ ಒಪ್ಪುವವರನ್ನು ಒಂಬತ್ತು ವರ್ಷ ಹುಡುಕಿದ, ಯಾರೂ ಸಿಗಲಿಲ್ಲ. ಉಳಿದದ್ದು ಒಂದೇ ದಾರಿ, ಸ್ವಂತ ಕೋರಿಕೆಯ ವರ್ಗ: ಕೆಳಗಿನ ದರ್ಜೆ, ಕಡಿಮೆ ಸಂಬಳ, ಹಿರಿತನದ ಪಟ್ಟಿಯಲ್ಲಿ ಕಟ್ಟಕಡೆಯ ಹೆಸರು.

“ಓದ್ರಿ ಮೊದಲ,” ಎಂದೆ. “ಸಂಬಳ ಭಾಳ ಇಳೀತದ. ನಿನ್ನೆ ಸೇರಿದವ್ರೂ ನಿಮಗ ಸೀನಿಯರ್ ಆಗ್ತಾರ.”

“ಆಗಲಿ ಬಿಡ್ರಿ ಬಾಯಾರ. ಬಿಸಿ ರೊಟ್ಟಿ ತಿನ್ನಾಕ ತಿಂಗಳತನಕ ಕಾಯೋದು ಸಾಕಾಗೇತಿ.”

“ಮನ್ಯಾಗ ಹೇಳೀರಿ?”

“ಹೇಳೇನ್ರಿ, ವರ್ಗ ಆತು ಅಂತ.”

“ಸಂಬಳದ್ದು?”

ಆತ ಕಿಟಕಿಯತ್ತ ತಿರುಗಿದ. “ಅದನ್ನ ಸಾವಕಾಶ ಹೇಳತೇನ್ರಿ.”

ಕೋಣನ ಮುಂದೆ ಕಿನ್ನರಿ ಬಾರಿಸಿ ಏನು ಫಲ? ಆತ ಸಹಿ ಹಾಕಿದ, ನಾನು ಮೊಹರು ಒತ್ತಿ ಕಳಿಸಿದೆ.

ನಮ್ಮ ಶೆಡ್ಡಿನಲ್ಲಿ ಒಂದು ಪದ್ಧತಿಯಿದೆ. ಪಟ್ಟಿಯಲ್ಲಿ ಕೊನೆಯ ಹೆಸರಿನವನೇ ಹತ್ತು ಗಂಟೆಯ ಚಹಾ ತರಬೇಕು. ಯಾವ ಪುಸ್ತಕದಲ್ಲೂ ಬರೆದಿಲ್ಲ, ಆದರೆ ಬರೆದ ನಿಯಮಗಳಿಗಿಂತ ಗಟ್ಟಿ. ಗುರುಶಿದ್ದಪ್ಪ ಬಂದ ದಿನ ಹತ್ತು ದಾಟಿದರೂ ಅವನ ಕೈಗೆ ಕೆಟಲ್ ಕೊಡುವ ಧೈರ್ಯ ಯಾರಿಗೂ ಬರಲಿಲ್ಲ. ಐವತ್ತರ ಹತ್ತಿರದ ಮನುಷ್ಯ, ಕೆಲಸದಲ್ಲಿ ಎಲ್ಲರಿಗೂ ಗುರು. ನಿನ್ನೆಯವರೆಗೆ ಚಹಾ ತರುತ್ತಿದ್ದ ಮೈಲಾರಿಯೇ ಸುಮ್ಮನೆ ಎದ್ದ. ಗುರುಶಿದ್ದಪ್ಪ ಕೆಟಲ್ ಕಸಿದುಕೊಂಡ.

“ಕುಂಡ್ರಲೇ, ಸೀನಿಯರ್ ಸಾಹೇಬ! ಎಲ್ಲಿಂದ ತರಬೇಕು ಅಷ್ಟ ಹೇಳು.”

“ನಿಮ್ಮನ್ಯಾಗಿಂದನ ರೀ ಅಣ್ಣಾರ!”

ಶೆಡ್ಡೆಲ್ಲ ಬಿದ್ದು ಬಿದ್ದು ನಕ್ಕಿತು. ಗುರುಶಿದ್ದಪ್ಪನ ಮುಖ ಮಾತ್ರ ಬಿಳಿಚಿಕೊಂಡಿತು ಎಂದು ಮೈಲಾರಿಯೇ ಆಮೇಲೆ ನನಗೆ ಹೇಳಿದ.

ಹನ್ನೊಂದು ವರ್ಷದಿಂದ ಆ ಕೆಟಲ್ ತುಂಬಿಸಿ ಕೊಡುತ್ತಿದ್ದವಳು ನೀಲವ್ವ. ಅದನ್ನು ಯಾರು ಹಿಡಿಯುತ್ತಾರೆ ಎಂದು ಅವಳಿಗೆ ಬೇರೆ ಹೇಳಬೇಕೇ?

“ಇದ್ಯಾಕ್ರೀ ನಿಮ್ಮ ಕೈಯಾಗ?”

“ಸುಮ್ಮನ ತಂದೆ.”

“ಸುಮ್ಮನ ಯಾರೂ ತರೂದಿಲ್ಲ ಇದನ್ನ. ಕಡೀ ಹೆಸರಿನವ ತರತಾನ.”

ಗಿರಾಕಿಗಳೆದುರೇ ಎಲ್ಲ ಬಾಯಿಬಿಡಬೇಕಾಯಿತು. ಅವಳು ಚಹಾ ಸುರಿದು ಕೊಟ್ಟಳು.

ಮರುದಿನ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ನನ್ನ ಮೇಜಿನ ಮುಂದೆ ಬಂದು ನಿಂತಳು. ಜಗಳಕ್ಕೇ ಬಂದಿದ್ದಾಳೆ ಎಂದು ನಾನೂ ಸಜ್ಜಾದೆ. ಆ ಗಂಡಸಿನ ಮೇಲೆ ನನಗೂ ಸಿಟ್ಟಿತ್ತು. ಇಷ್ಟು ದೊಡ್ಡ ಮಾತು ಹೆಂಡತಿಗೆ ಹೇಳದವನು ಎಂಥ ಮನುಷ್ಯ?

“ಆ ಸಹಿ ಹಿಂದಕ್ಕ ತಗೊಳಾಕ ಬರತೈತೇನ್ರಿ ಬಾಯಾರ?”

“ಇಲ್ಲವ್ವಾ. ಆದೇಶ ಆಗಿ ಹೋಗ್ಯದ.”

“ಅವರ ಬಂದು ಕೇಳಿದ್ರೂ?”

“ಕೇಳಿದ್ರೂ ಇಲ್ಲ.”

“ದೊಡ್ಡ ಸಾಹೇಬರ ಕಾಲ ಹಿಡಿದ್ರ?”

“ಯಾರ ಕಾಲು ಹಿಡಿದ್ರೂ ಅಷ್ಟ. ನನ್ನ ಬೈಬ್ಯಾಡವ್ವಾ, ಅರಕ್ಕೋಣದಾಗ ಅವರ ಜಾಗಾ ಖಾಲಿ ಇಲ್ಲೀಗ.”

ನೀಲವ್ವ ಸ್ಟೂಲಿನ ಮೇಲೆ ಕುಸಿದು ಕೂತಳು. ಸೊಂಟದ ಸೆರಗು ಬಿಚ್ಚಿ ಕಣ್ಣೊರೆಸಿಕೊಂಡಳು.

“ಹಂಗಾದ್ರ ಸಾಕ್ರಿ. ನಾಚಿಕಿ ಆಗಿ ಮತ್ತ ಅರಕ್ಕೋಣಕ್ಕ ಹೊಂಟು ಬಿಡತಾರೇನೋ ಅಂತ ನನ್ನ ಜೀವಾನ ಹಾರಿ ಹೋಗಿತ್ತು.”