ನೀರು ಕುಡಿದ ಗಾಲಿಯ ಸದ್ದು

ಹಾನಗಲ್ಲಿನಿಂದ ಶಿರಸಿಗೆ ಹೋಗುವ ರಸ್ತೆಯ ಬದಿ, ಬೇವಿನ ಮರದ ಕೆಳಗೆ, ಭರಮಪ್ಪ ಬಡಿಗೇರ ಒಂದು ಗಾಡಿಯ ಪಕ್ಕ ಕುಕ್ಕರಗಾಲಲ್ಲಿ ಕೂತಿದ್ದಾನೆ. ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಕೈಯಲ್ಲಿ ಮರದ ಸುತ್ತಿಗೆ. ಗಾಲಿಯ ನಡುವಿನಿಂದ ಅಂಚಿಗೆ ಚಾಚಿದ ಒಂದೊಂದೇ ಅರಕ್ಕೆ ಮೆಲ್ಲಗೆ ಬಡಿಯುತ್ತಾನೆ, ಕಣ್ಣು ಮುಚ್ಚಿ ಕೇಳುತ್ತಾನೆ, ಮುಂದಿನದಕ್ಕೆ ಸರಿಯುತ್ತಾನೆ. ಒಣಗಿದ ಗಾಲಿ ಟಣ್ ಎನ್ನುತ್ತದೆ. ಈ ಗಾಲಿ ದಪ್ ಎನ್ನುತ್ತಿದೆ. ಮತ್ತೊಮ್ಮೆ ಬಡಿಯುತ್ತಾನೆ. ಮತ್ತೆ ದಪ್.

ಗಾಡಿ ಮಾಸೂರಿನ ಉಳಿವೆಪ್ಪನದು. ಬಾಡಿಗೆಗೆ ಹಿಡಿದವರು ಹಿರೇಕೆರೂರಿನ ಶಾಲೆಯ ಮಾಸ್ತರ ಪ್ರಹ್ಲಾದರಾಯರು. ಜೊತೆಗೆ ತಾಯಿ ಗಂಗಾಬಾಯಿ, ಹೆಂಡತಿ ಶಾಮಲಾ, ಮೂರು ಮಕ್ಕಳು. ಮೇ ತಿಂಗಳ ರಜೆಯಲ್ಲಿ ಗೋಕರ್ಣದ ಸಮುದ್ರ ನೋಡಲು ಹೊರಟವರು. ಬಸ್ಸು ಇಲ್ಲವೆಂದಲ್ಲ. ಈಗ, ಈ ೧೯೫೭ರಲ್ಲಿ, ಶಿರಸಿಗೆ ದಿನಾ ಬಸ್ಸಿದೆ. ಆದರೆ ಗಂಗಾಬಾಯಿಯವರದು ಕಟ್ಟಾ ಮಡಿ. ತಮ್ಮ ಕೊಡದ ನೀರು, ತಮ್ಮ ಒಲೆಯ ಅನ್ನ ಬಿಟ್ಟು ಇನ್ನೊಂದನ್ನು ಮುಟ್ಟುವವರಲ್ಲ. ಕೊಡ, ಒಲೆ, ಸೌದೆ ಎಲ್ಲ ಬಸ್ಸಿಗೆ ಹೇರಲು ಬರುವುದಿಲ್ಲ. ಅದಕ್ಕೇ ಗಾಡಿ.

ಇಂಥವರು ಇನ್ನೂ ಬಹಳ ಜನ ಇದ್ದಾರೆ. ಸವಣೂರು, ಶಿಗ್ಗಾಂವ, ಹಿರೇಕೆರೂರು ಕಡೆಯಿಂದ ಘಟ್ಟ ಇಳಿಯಲು ಹೊರಟ ಗಾಡಿಗಳು ಭರಮಪ್ಪನ ಬೇವಿನ ಮರ ದಾಟಿಯೇ ಹೋಗಬೇಕು. ರಜೆಯ ದಿನಗಳಲ್ಲಿ ಮುಂಜಾನೆಗೆ ಎಂಟು ಗಾಡಿಯಾದರೂ ನಿಲ್ಲುತ್ತವೆ. ಗಾಲಿಗೆ ಹನ್ನೆರಡು ಅರ. ರೊಟ್ಟಿ ಮುರಿಯುವ ಮೊದಲೇ ಅವನು ಇನ್ನೂರು ಸಲ ಬಡಿದು ಇನ್ನೂರು ಸಲ ಕೇಳಿರುತ್ತಾನೆ. ಅಚ್ಚು ನೋಡುತ್ತಾನೆ, ಗಾಲಿ ಕಳಚದಂತೆ ತಡೆಯುವ ಕೀಲು ನೋಡುತ್ತಾನೆ. ಹೆಚ್ಚಿನ ಕೀಲು, ಹಗ್ಗ, ತೊಗಲಿನ ಬಾರು, ಇಳಿಜಾರಿನಲ್ಲಿ ಗಾಲಿಗೆ ಒಡ್ಡುವ ಮರದ ತುಂಡು ಇವೆಯೇ ಎಂದು ಕೇಳುತ್ತಾನೆ. ಯಾರ ಹತ್ತಿರವೂ ಇರುವುದಿಲ್ಲ.

“ಉಂಡಿ, ಚಕ್ಕುಲಿ, ಉಪ್ಪಿನಕಾಯಿ ಎಲ್ಲಾ ಕಟ್ಟಿಕೊಂಡ ಬರ್ತಾರ್ರಿ,” ಎನ್ನುತ್ತಾನೆ. “ಕೀಲು ಎಲ್ಲೈತಿ ಅಂದ್ರ ಒಬ್ಬರ ಮುಖ ಒಬ್ಬರು ನೋಡ್ತಾರ. ಕೀಲು ಬಿದ್ದರ ಆ ತೂತಿಗೆ ಚಕ್ಕುಲಿ ಸಿಗಸ್ತಾರೇನು?”

ಇವತ್ತು ಅವನಿಗೆ ನಗು ಬರುತ್ತಿಲ್ಲ.

“ಉಳಿವೆಪ್ಪ, ಗಾಲಿ ಕೆರ್ಯಾಗ ಎಷ್ಟ ದಿನ ಇಟ್ಟಿದ್ದಿ?”

“ಯಾವ ಕೆರಿ? ನೀರ ಮುಟ್ಟಿಸಿಲ್ಲೋ ಮಾರಾಯ. ಹಳಿ ನೋಡು, ಎಷ್ಟ ಬಿಗಿ ಐತಿ.”

“ಬಿಗಿ ಐತಿ ಅಂತನ ಕೇಳಾಕತ್ತೇನಿ.”

ಭರಮಪ್ಪ ತೆಳ್ಳನೆಯ ಉಳಿಯ ತುದಿಯನ್ನು ಗಾಲಿಗೆ ಸುತ್ತಿದ ಕಬ್ಬಿಣದ ಹಳಿಗೂ ಮರಕ್ಕೂ ನಡುವೆ ಆಡಿಸುತ್ತಾನೆ. ಹಸಿರು ಪಾಚಿ ಎದ್ದು ಬರುತ್ತದೆ. ಅದನ್ನು ಉಳಿವೆಪ್ಪನ ಮೂಗಿಗೆ ಹಿಡಿಯುತ್ತಾನೆ.

“ಇದೇನು, ನಿನ್ನ ಹೊಲದ ಕೊತ್ತಂಬರಿಯೇನು?”

ಉಳಿವೆಪ್ಪ ತಲೆ ಕೆರೆದುಕೊಳ್ಳುತ್ತಾನೆ. “ಎರಡ ದಿನ ಅಷ್ಟ ಇಟ್ಟಿದ್ದೆ. ಎಲ್ಲಾರೂ ಇಡ್ತಾರ.”

ನಿಜ, ಮಾಸೂರಿನ ಮದಗದ ಕೆರೆಯ ಸುತ್ತ ಎಲ್ಲರೂ ಇಡುತ್ತಾರೆ. ಹಳಿ ಸಡಿಲಾದರೆ ಗಾಲಿಯನ್ನು ಬಿಚ್ಚಿ ನೀರಿಗೆ ಕೆಡವುತ್ತಾರೆ. ಮರ ನೀರು ಕುಡಿದು ಉಬ್ಬುತ್ತದೆ, ಹಳಿ ಬಿಗಿಯಾಗುತ್ತದೆ. ಬಡಿಗೇರನ ಬಳಿ ಹೋಗುವ ಕೆಲಸ ತಪ್ಪಿತು. ಹೊಲಕ್ಕೆ ಹೋಗಿ ಬರುವ ಗಾಡಿಗೆ ಇದು ನಡೆಯುತ್ತದೆ. ಸಂಜೆ ಮತ್ತೆ ನೀರಿಗೆ ಹಾಕಬಹುದು. ಬಿಸಿಲಲ್ಲಿ ವಾರಗಟ್ಟಲೆ ನಡೆಯುವ ಗಾಡಿಗೆ, ಒಳಗೆ ಮಕ್ಕಳನ್ನು ಕೂರಿಸಿಕೊಂಡು, ಇದನ್ನು ಮಾಡುವುದಕ್ಕೆ ಕೊಲೆ ಎಂದೇ ಹೆಸರು.

ಪ್ರಹ್ಲಾದರಾಯರಿಗೆ ಸಿಟ್ಟು ಬರುತ್ತದೆ. “ಬಿಗಿ ಅದಲ್ಲಪಾ, ಮತ್ತೇನು? ಶಿರಸ್ಯಾಗ ಮತ್ತೊಮ್ಮೆ ನೋಡಿಸಿದ್ರಾತು.”

“ಶಿರಸಿ ತನಕಾ ಏನೂ ಆಗೂದಿಲ್ರಿ ಮಾಸ್ತರ್ರ. ಅದು ಒಣಗಿ ಸಡ್ಲ ಆಗೂದು ದೇವಿಮನಿ ಘಟ್ಟದಾಗ, ನಡು ಇಳಕಲಿನ್ಯಾಗ. ಅಲ್ಲಿ ಬಡಿಗ್ಯಾರೂ ಇಲ್ಲ, ಬೇವಿನಗಿಡಾನೂ ಇಲ್ಲ.”

“ಎಷ್ಟ ದಿನ ಬೇಕು ನಿನಗ?”

“ಮೂರ ದಿನ ನೆರಳಾಗ ಒಣಗಬೇಕು. ನಾಕನೇ ದಿನ ಹಳಿ ಕತ್ತರಿಸಿ ಸಣ್ಣದು ಮಾಡಿ, ಕಾಸಿ ತೊಡಸ್ತೇನಿ.”

“ನಾಕ ದಿನ. ಅಂದ್ರ ನನ್ನ ರಜಾ ನಿನ್ನ ಅಂಗಳದಾಗ ಮುಗೀಬೇಕು. ಉಳಿವೆಪ್ಪ, ಎತ್ತು ಹೂಡು.”

ಉಳಿವೆಪ್ಪ ಎತ್ತುಗಳ ಕಡೆ ನಡೆಯುತ್ತಾನೆ. ಭರಮಪ್ಪ ಗಾಲಿ ಬಿಟ್ಟು ಏಳುವುದಿಲ್ಲ. ಎರಡೂ ಕೈಯಲ್ಲಿ ಅರ ಹಿಡಿದು ಕೂತಿದ್ದಾನೆ. ಅವನು ಅದನ್ನು ಬಿಡದಿರುವುದು ಗಾಡಿಯೊಳಗಿನಿಂದ ಬಗ್ಗಿ ನೋಡುತ್ತಿರುವ ಗಂಗಾಬಾಯಿಯವರಿಗೆ ಕಾಣುತ್ತದೆ.

“ಯಾಕೋ ಭರಮಪ್ಪ, ಅಷ್ಟ್ಯಾಕ ಅಂಜೀದಿ?”

ಭರಮಪ್ಪ ತಲೆ ಎತ್ತದೆ ಹೇಳುತ್ತಾನೆ. “ನಮ್ಮಕ್ಕ ಕರೆವ್ವ ಅಂತ ಇದ್ದಳ್ರಿ ಅಮ್ಮಾರ, ಸವಣೂರಾಗ. ಆರು ವರ್ಷದ ಹಿಂದ ಸಮುದ್ರ ನೋಡಾಕ ಹೊಂಟ್ಲು. ಗಾಡಿ ಗಾಲಿ ಸಡ್ಲ ಇತ್ತು. ನನಗ ಕೆಲಸದ ಗಡಿಬಿಡಿ. ನೀರಾಗ ಇಡ್ರಿ, ಬಿಗೀತೈತಿ ಅಂತ ನಾನ ಹೇಳಿದೆ. ಬಿಗೀತು. ಘಟ್ಟದಾಗ ಬಿಚ್ಚಿತು. ಅಕ್ಕನ್ನ ಕಣಿವ್ಯಾಗಿಂದ ಮ್ಯಾಲ ತರಾಕ ಎರಡ ದಿನ ಹಿಡೀತ್ರಿ.”

ತಪ್ಪು ಅವನದೇ. ಅದನ್ನು ಇನ್ನೊಬ್ಬರ ತಲೆಗೆ ಕಟ್ಟುವ ಬುದ್ಧಿ ಅವನಿಗಿಲ್ಲ. ಆ ವರ್ಷವೇ ಅವನು ಸವಣೂರು ಬಿಟ್ಟ. ಹೆಂಡತಿ ಸರೋಜವ್ವನನ್ನು ಕರೆದುಕೊಂಡು, ಘಟ್ಟಕ್ಕೆ ಹೋಗುವ ಈ ದಾರಿಯಲ್ಲಿ ಬಂದು ಕೂತ. ಕರೆದು ಕೂರಿಸಿದವರು ಯಾರೂ ಇಲ್ಲ. ಗಾಲಿ ನೋಡಿದ್ದಕ್ಕೆ ಅವನು ಏನೂ ಕೇಳುವುದಿಲ್ಲ. ದುರಸ್ತಿಗೆ ಮಾತ್ರ ಕೂಲಿ. ಕೆಲವರು ಹುಚ್ಚ ಎನ್ನುತ್ತಾರೆ. ಅನ್ನುವವರೂ ಗಾಡಿ ನಿಲ್ಲಿಸಿಯೇ ಅನ್ನುತ್ತಾರೆ.

ಗಂಗಾಬಾಯಿಯವರು ಸೆರಗು ಸರಿಮಾಡಿಕೊಂಡು ಕೆಳಗಿಳಿಯುತ್ತಾರೆ.

“ಪ್ರಹ್ಲಾದ, ನನ್ನ ಕೊಡ ಇಳಸು. ಸಮುದ್ರ ಎಲ್ಲಿಗೂ ಓಡಿ ಹೋಗೂದಿಲ್ಲ.”

ಹಾನಗಲ್ಲಿನ ನೆಂಟರ ಮನೆಯಲ್ಲಿ ನಾಲ್ಕು ದಿನ ಕಳೆಯುತ್ತವೆ. ನಾಲ್ಕನೆಯ ದಿನ ಭರಮಪ್ಪ ಕುಳ್ಳಿನ ಬೆಂಕಿಯಲ್ಲಿ ಹಳಿಯನ್ನು ಕೆಂಪಗೆ ಕಾಸಿ, ಒಣಗಿದ ಗಾಲಿಗೆ ತೊಡಿಸಿ, ನೀರು ಹೊಯ್ಯುತ್ತಾನೆ. ಹಳಿ ಕುಗ್ಗಿ ಮರವನ್ನು ಕಚ್ಚುತ್ತದೆ. ಮರುದಿನ ನಸುಕಿನಲ್ಲಿ ಬಡಿದರೆ ಇಪ್ಪತ್ತನಾಲ್ಕು ಅರವೂ ಟಣ್ ಎನ್ನುತ್ತವೆ. ಗಾಡಿ ಹೊರಡುತ್ತದೆ. ಹನ್ನೆರಡು ದಿನಕ್ಕೆ ತಿರುಗಿ ಬರುತ್ತೇವೆಂದು ರಾಯರು ಹೇಳಿ ಹೋಗುತ್ತಾರೆ.

ಅಂಜಿಕೆ ಅಲ್ಲಿಗೆ ತೀರಲಿಲ್ಲ, ಹೆಚ್ಚಾಯಿತು. ನಿನ್ನೆಯವರೆಗೆ ಅದು ಉಳಿವೆಪ್ಪನ ಗಾಲಿ. ಇವತ್ತಿನಿಂದ ಭರಮಪ್ಪನದು.

ಹನ್ನೆರಡನೆಯ ದಿನ ಗಾಡಿ ಬರುವುದಿಲ್ಲ. ಹದಿಮೂರನೆಯ ದಿನವೂ ಇಲ್ಲ. ಭರಮಪ್ಪ ರಸ್ತೆ ಬಿಟ್ಟು ಏಳುವುದಿಲ್ಲ, ರೊಟ್ಟಿ ಮುರಿಯುವುದಿಲ್ಲ.

“ಸಮುದ್ರ ಚಂದ ಕಂಡಿರಬೇಕು, ಎರಡ ದಿನ ಹೆಚ್ಚಿಗಿ ನಿಂತಾರ,” ಎನ್ನುತ್ತಾಳೆ ಸರೋಜವ್ವ. “ನೀ ಉಪಾಸ ಇದ್ದರ ಗಾಡಿ ಓಡತೈತೇನು?”

ಅವನು ಶಿರಸಿ ಕಡೆಯಿಂದ ಬರುವ ಲಾರಿಯವರನ್ನು ನಿಲ್ಲಿಸಿ, ಘಟ್ಟದಲ್ಲಿ ಏನಾದರೂ ಕಂಡಿರೇನು ಎಂದು ಕೇಳುತ್ತಾನೆ. ಕೇಳಿದ ಮೇಲೆ, ಅವರು ಬಾಯಿ ತೆರೆಯುವ ಮೊದಲೇ, ಕೇಳಬಾರದಿತ್ತು ಎನಿಸುತ್ತದೆ.

ಹದಿನಾಲ್ಕನೆಯ ದಿನ ಮಧ್ಯಾಹ್ನ ಗಾಡಿ ಬರುತ್ತದೆ. ಬೇವಿನ ಮರದ ಬಳಿ ನಿಲ್ಲುವುದಿಲ್ಲ. ಪ್ರಹ್ಲಾದರಾಯರು ತೂಕಡಿಸುತ್ತಿದ್ದಾರೆ. ಉಳಿವೆಪ್ಪ ಮಾತ್ರ ಬಾರುಕೋಲು ಮೇಲೆತ್ತಿ ತೋರಿಸಿ ಮುಂದೆ ಹೊಡೆದುಕೊಂಡು ಹೋಗುತ್ತಾನೆ. ಭರಮಪ್ಪ ಎದ್ದು ನಿಂತು, ಬಿಸಿಲಿಗೆ ಕಣ್ಣ ಮೇಲೆ ಕೈ ಅಡ್ಡ ಹಿಡಿದು, ಗಾಡಿಯೊಳಗೆ ದಿಟ್ಟಿಸುತ್ತಾನೆ.

“ಒಂದ ಮಾತ ಆಡದ ಹೋದರಲ್ಲ,” ಎಂದು ಸರೋಜವ್ವ ಸಿಡುಕುತ್ತಾಳೆ.

“ಹೋಗೂ ಮುಂದ ನಿಂತ್ರ ಸಾಕು. ಬರೂ ಮುಂದ ಯಾರೂ ನಿಲ್ಲಬಾರದು. ನಿಂತ್ರ ಏನೋ ಮುರದೈತಿ ಅಂತ ಅರ್ಥ,” ಎನ್ನುತ್ತಾನೆ ಭರಮಪ್ಪ. “ಆರೂ ಮಂದಿ ಅದಾರ. ಊಟಕ್ಕ ನೀಡು.”