ತುಂಬಿ ಕೊಟ್ಟ ಲೋಟ

ಕಳೆದ ಭಾನುವಾರ ಮನೆಗೆ ಬಂದ ಅತಿಥಿಯನ್ನು ಹತ್ತೇ ನಿಮಿಷದಲ್ಲಿ ಹೊರಗೆ ಕಳಿಸಿಬಿಟ್ಟೆ. ಜಗಳ ಆಡಿ ಅಲ್ಲ. ಒಳ್ಳೆಯ ಫಿಲ್ಟರ್ ಕಾಫಿ ಕೊಟ್ಟು.

ಇದು ಶುರುವಾದದ್ದು ಅದರ ಹಿಂದಿನ ಗುರುವಾರ. ಇಲ್ಲಿ, ನಾನೀಗಿರುವ ಪರದೇಶದ ಹ್ಯಾಮಿಲ್ಟನ್‌ನಲ್ಲಿ ನಾವೊಂದಿಷ್ಟು ಹೆಂಗಸರು ತಿಂಗಳಿಗೊಮ್ಮೆ ಸೇರಿ ಒಂದು ಪುಸ್ತಕದ ಬಗ್ಗೆ ಮಾತಾಡುತ್ತೇವೆ. ಈ ಸಲ ಅಮೆರಿಕದಲ್ಲಿರುವ ಅರಬ್ ಲೇಖಕಿಯೊಬ್ಬರ ಪುಸ್ತಕ. ಅರ್ಧ ಪ್ರಬಂಧ, ಅರ್ಧ ಕಥೆ. ‘ನಿಜವಾಗಿ ನೀನು ಎಲ್ಲಿಯವಳು?’ ಎಂಬ ಪ್ರಶ್ನೆಗೆ ಜೀವನವಿಡೀ ಉತ್ತರ ಕೊಟ್ಟು ಸುಸ್ತಾದ ಹೆಣ್ಣುಮಗಳು. (ಆ ಸುಸ್ತು ನನಗೂ ಗೊತ್ತು. ಹಾಸನ ಅಂದರೆ ಇಲ್ಲಿ ಯಾರಿಗೂ ತಿಳಿಯದು, ಬೆಂಗಳೂರಿನ ಹತ್ತಿರ ಅಂದು ಮುಗಿಸುತ್ತೇನೆ.)

ಕೂತ ಕೂಡಲೇ ಗುಂಪಿನ ಹಿರಿಯಳಾದ ಜೂಡಿ ನನ್ನ ಕಡೆ ತಿರುಗಿದಳು. “ನಸ್ರೀನ್, ಇದು ನಿಮ್ಮವರ ಪುಸ್ತಕ. ನೀನೇ ಶುರು ಮಾಡು.” ತಲೆಯ ಮೇಲೆ ಸ್ಕಾರ್ಫ್ ಇದೆಯಲ್ಲ, ಅವಳಿಗೆ ಅಷ್ಟು ಸಾಕು.

ನಮ್ಮವರಾ? ಅರೇಬಿಕ್‌ನಲ್ಲಿ ನಮಾಜ್ ಮಾಡುತ್ತೇನೆ, ನಿಜ. ಅದೇ ಭಾಷೆಯಲ್ಲಿ ಪಕ್ಕದ ಮನೆಯಿಂದ ಒಂದು ಕಪ್ ಸಕ್ಕರೆ ಕೇಳು ಅಂದರೆ ಬಾಯಿ ಕಟ್ಟುತ್ತದೆ. ಇಷ್ಟನ್ನು ಹೇಳಿ ಸುಮ್ಮನಾಗಬಹುದಿತ್ತು. ಆಗಲಿಲ್ಲ. ಅಷ್ಟೊಂದು ಜನ ಕಣ್ಣರಳಿಸಿ ನಿಮ್ಮನ್ನೇ ನೋಡುತ್ತಿದ್ದರೆ ನೀವಾದರೂ ಸುಮ್ಮನಿರುತ್ತೀರಾ? ಅರಬ್ಬರ ಮದುವೆ, ಅಡುಗೆ, ಅಜ್ಜಿಯರ ಸ್ವಭಾವ, ಎಲ್ಲದರ ಬಗ್ಗೆ ಮುಕ್ಕಾಲು ಗಂಟೆ ಕೊರೆದೆ. ನಾನು ಓದಿದ್ದು ಪ್ರಬಂಧಗಳನ್ನು ಮಾತ್ರ. ಕಥೆಗಳ ಪುಟ ತಿರುಗಿಸಿಯೂ ಇರಲಿಲ್ಲ.

ಮೂಲೆಯಲ್ಲಿ ಅವತ್ತೇ ಮೊದಲ ಸಲ ಬಂದ, ನರೆಗೂದಲಿನ ಒಬ್ಬರು ಮಾತಿಲ್ಲದೆ ಕೂತಿದ್ದರು. ಹೊರಡುವಾಗ ಪಾರ್ಕಿಂಗ್‌ನಲ್ಲಿ ಮಾತಾಡಿಸಿದೆ. ಹೆಸರು ರೀಮ್, ದೇಶ ಜೋರ್ಡಾನ್. ಮಗಳ ಜತೆ ಇರಲು ಬಂದು ಎಂಟು ತಿಂಗಳಾಯಿತಂತೆ. ಮಗಳು ಕೆಲಸಕ್ಕೆ ಹೋದರೆ ಸಂಜೆವರೆಗೂ ಮಾತಿಗೆ ಯಾರೂ ಇಲ್ಲವಂತೆ.

ನನಗೆ ಭೂಮಿ ಬಾಯಿಬಿಡಬಾರದೇ ಅನಿಸಿತು. ಒಳಗೆ ನೀವೇಕೆ ಬಾಯಿ ತೆರೆಯಲಿಲ್ಲ ಅಂದೆ.

“ನನ್ನನ್ನು ಯಾರೂ ಕೇಳಲಿಲ್ಲ,” ಅಂದರು.

ತಪ್ಪು ಸರಿಪಡಿಸೋಣ ಅಂತ ಭಾನುವಾರ ಮನೆಗೆ ಕರೆದೆ. ತಾವೇ ಮಾಡಿದ ಖರ್ಜೂರದ ಬಿಸ್ಕತ್ತು ಹಿಡಿದು ಬಂದರು. ಇನ್ನು ನಮ್ಮ ಕಡೆಯ ಮರ್ಯಾದೆ ನಿಮಗೆ ಗೊತ್ತೇ ಇದೆ. ಲೋಟ ತುಳುಕುವಂತಿರಬೇಕು, ಕಡಿಮೆಯಾದರೆ ಜಿಪುಣಿ ಅಂದಾರು. ಊರಿಂದ ತಂಗಿ ಕಳಿಸಿದ ಪುಡಿ, ಸ್ಟೀಲ್ ಲೋಟ, ಅಂಚಿನವರೆಗೆ ಕಾಫಿ. ರೀಮ್ ಲೋಟ ನೋಡಿದರು, ನನ್ನನ್ನು ನೋಡಿದರು. ಬೇಗ ಬೇಗ ಕುಡಿದು, ಥ್ಯಾಂಕ್ಸ್ ಹೇಳಿ, ಕೋಟು ಹಾಕಿಕೊಂಡು ಎದ್ದೇಬಿಟ್ಟರು. ಊಟ ಮಾಡಿ ಹೋಗಿ ಅಂದರೂ ಕೇಳಲಿಲ್ಲ. ಒಲೆಯ ಮೇಲೆ ಬಿರಿಯಾನಿ ಇನ್ನೂ ದಮ್‌ನಲ್ಲಿತ್ತು.

ಏನು ತಪ್ಪಾಯಿತು? ಸೋಮವಾರ ಲಂಚ್ ಬ್ರೇಕ್‌ನಲ್ಲಿ ಆ ಪುಸ್ತಕದ ಕಥೆಗಳನ್ನು ತೆಗೆದೆ. ಎರಡನೆಯದರಲ್ಲೇ ಇತ್ತು ಉತ್ತರ. ಒಬ್ಬ ಚಿಕ್ಕಮ್ಮ ತನಗಾಗದ ಅತಿಥಿಗೆ ಕಾಫಿ ಬಟ್ಟಲು ತುಂಬಿಸಿ ಕೊಡುತ್ತಾಳೆ. ಅವರ ಕಡೆ ಬೇಕಾದವರಿಗೆ ಒಂದೆರಡು ಗುಟುಕಷ್ಟೇ ಬಗ್ಗಿಸುವುದು, ಮುಗಿದಂತೆ ಮತ್ತೆ ಬಗ್ಗಿಸುವುದು. ತುಂಬಿಸಿ ಕೊಟ್ಟರೆ ‘ಕುಡಿ, ಹೊರಡು’ ಅಂತ ಅರ್ಥ.

ಕೂತಲ್ಲೇ ಅಳು ಬಂತು. ಎಂಟು ತಿಂಗಳಿಂದ ಮಾತಿಗೆ ಜನ ಹುಡುಕುತ್ತಿದ್ದವರಿಗೆ ನಾನು ಬಾಗಿಲು ತೋರಿಸಿದ್ದೆ.

ಕೆಲಸ ಮುಗಿದದ್ದೇ ಕಾರು ಹತ್ತಿ ಅವರ ಮನೆಗೆ ಹೋದೆ. ಎಲ್ಲ ಬಿಡಿಸಿ ಹೇಳಿದೆ. ನಮ್ಮಲ್ಲಿ ಒಂದೆರಡು ಗುಟುಕು ಕೊಟ್ಟರೇ ಅವಮಾನ ಅಂತಲೂ ಹೇಳಿದೆ. ರೀಮ್ ನಕ್ಕರು, ನಗುನಗುತ್ತಲೇ ಕಣ್ಣೊರೆಸಿಕೊಂಡರು.

“ಅವತ್ತು ನಮ್ಮ ಬಗ್ಗೆ ಅಷ್ಟೆಲ್ಲ ತಿಳಿದವರ ಹಾಗೆ ಮಾತಾಡಿದಿರಿ. ಇದನ್ನೂ ತಿಳಿದೇ ಕೊಟ್ಟಿರಿ ಅಂದುಕೊಂಡೆ.”

ಅವರ ಕೈ ಹಿಡಿದುಕೊಂಡು ಕೂತೆ. ಕತ್ತಲಾಗುವವರೆಗೆ ಅವರು ತಮ್ಮ ಊರಿನ ಬಗ್ಗೆ ಹೇಳಿದರು, ನಾನು ಕೇಳಿದೆ.

ಜೂಡಿ ನನ್ನನ್ನು ಅರಬ್ ಮಾಡಿಬಿಟ್ಟಳು ಅಂತ ಗಂಡನ ಮುಂದೆ ನಾಲ್ಕು ದಿನ ಗೊಣಗಿದ್ದೆ. ರೀಮ್‌ರನ್ನು ಒಂದು ಮಾತೂ ಕೇಳದೆ ಹಾಸನದವರನ್ನಾಗಿ ಮಾಡಿದ್ದು ಯಾರು?