ಕೆಂಪು ನಲ್ಲಿ

ಆ ಕೊರೋನಾ ಚಳಿಗಾಲದಲ್ಲಿ ಶಾಲೆ, ಆಫೀಸು, ಅಡುಗೆಮನೆ ಮೂರೂ ನಮ್ಮಲ್ಲಿ ಒಂದೇ ಕೋಣೆಗೆ ಬಂದು ಕೂತಿದ್ದವು. ಹುಬ್ಬಳ್ಳಿ ಬಿಟ್ಟು ಬಂದವರು ನಾವು, ದ ಹೇಗ್‌ನ ಆ ಬಾಡಿಗೆ ಮನೆಗೆ ಹೊಸಬರು. ಮೇಜಿನ ಒಂದು ತುದಿಗೆ ನನ್ನ ಕ್ಲಾಸು, ಇನ್ನೊಂದು ತುದಿಗೆ ಅಪ್ಪನ ಮೀಟಿಂಗು, ಬೆನ್ನ ಹಿಂದೆ ಅವ್ವನ ಬೆಳ್ಳುಳ್ಳಿ ಒಗ್ಗರಣೆ. ನನಗಾಗ ಹದಿಮೂರು ವರ್ಷ.

ಹುಬ್ಬಳ್ಳಿಯಿಂದ ಅಪ್ಪ ತಂದಿದ್ದ ರೂಢಿ ಒಂದಿತ್ತು. ಮಲಗುವ ಮುಂಚೆ ಹಾಸಿಗೆಯಿಂದಲೇ ಅವ್ವನಿಗೆ ಕೂಗುತ್ತಿದ್ದ. "ಗ್ಯಾಸ್ ಬಂದ್ ಮಾಡೀಯೇನ?"

"ಹೂಂ, ಮಾಡೇನ್ರಿ."

ಅದನ್ನು ಕೇಳಿದ ಮೇಲೆಯೇ ನನಗೂ ನಿದ್ದೆ. ಯಾವ ಗ್ಯಾಸು, ಎಲ್ಲಿ ಬಂದ್ ಮಾಡುವುದು, ಈ ಮನೆಯಲ್ಲಿ ಸಿಲಿಂಡರೇ ಇಲ್ಲ, ಗ್ಯಾಸು ಪೈಪಿನಲ್ಲಿ ಬರುತ್ತದಲ್ಲ ಅಂತ ಅಪ್ಪನೂ ಯೋಚಿಸಲಿಲ್ಲ, ನಾನೂ ಯೋಚಿಸಲಿಲ್ಲ.

ಚಳಿ ಏರಿದಂತೆ ಅಡುಗೆಮನೆಯ ಕಪಾಟಿನಲ್ಲಿದ್ದ ಕೇಟಲ್ ಸದ್ದು ಮಾಡತೊಡಗಿತು. ಗ್ಯಾಸಿನಿಂದ ನೀರು ಕಾಯಿಸಿ ಕೋಣೆ ಕೋಣೆಯ ರೇಡಿಯೇಟರಿಗೆ ಕಳಿಸುವ ಬಿಳಿ ಪೆಟ್ಟಿಗೆಗೆ ಇಲ್ಲಿನವರು ಹಾಗನ್ನುತ್ತಾರೆ. ಮೊದಮೊದಲು ಗುಳುಗುಳು. ಆಮೇಲೆ ಕುಂಯ್ ಅಂತ ರಾಗ. ಕೊನೆಗೆ ಒಳಗೆ ಯಾರೋ ಒನಕೆ ಹಿಡಿದು ಕುಟ್ಟಿದ ಹಾಗೆ ಢಬ್, ಢಬ್.

ಒಂದು ಬೆಳಿಗ್ಗೆ ನಾನು ಪಾಠ ಓದುತ್ತಿದ್ದಾಗಲೇ ಶುರುವಾಯಿತು. ಯಾರ ಮನೆಯಲ್ಲಿ ಗೋಡೆ ಒಡೆಯುತ್ತಿದ್ದಾರೆ ಅಂತ ಟೀಚರ್ ಡಚ್ಚಿನಲ್ಲಿ ಕೇಳಿದರು. ಪರದೆಯ ತುಂಬ ಚೌಕ ಚೌಕವಾಗಿ ನಗುವ ಮುಖಗಳು. ಮೊದಲೇ ಅವ್ವನ ಒಗ್ಗರಣೆಯ ಚುಂಯ್‌ಗೆ ನಾಚಿ ಮೈಕು ಮುಚ್ಚುತ್ತಿದ್ದವಳು, ಈಗಂತೂ ಮೇಜಿನ ಕೆಳಗೆ ಹೋಗಿ ಕೂತರೆ ಸಾಕು ಅನ್ನಿಸಿತು.

"ಗಾಳಿ ತುಂಬೇತಿ, ಮತ್ತೇನಿಲ್ಲ," ಅಂದ ಅಪ್ಪ. ಒಂದು ಪುಟ್ಟ ಕೀಲಿಯಿಂದ ರೇಡಿಯೇಟರಿನ ಗಾಳಿ ಬಿಟ್ಟ. ಹುಸ್ಸೆಂದು ಗಾಳಿ ಹೋಗಿ, ತುಕ್ಕಿನ ವಾಸನೆಯ ಕರಿ ನೀರು ಅವ್ವನ ಹಳೇ ಸೀರೆಯ ಅರಿವೆಗೆ ಬಿತ್ತು. ಸದ್ದು ನಿಲ್ಲಲಿಲ್ಲ. ಸ್ಟೀಲಿನ ಲೋಟ ಕೇಟಲ್‌ಗೆ ಹಚ್ಚಿ, ಅದಕ್ಕೆ ಕಿವಿಕೊಟ್ಟು, ಕಣ್ಣು ಮುಚ್ಚಿ ನಿಂತ.

"ಡಾಕ್ಟರ್ ಸಾಹೇಬ್ರ, ಪೇಷಂಟ್ ಹ್ಯಾಂಗದಾರ?" ಅಂದಳು ಅವ್ವ.

"ಸುಮ್ನಿರಽ, ನಾಡಿ ಸಿಗವಲ್ದು."

ಮೂವರೂ ನಕ್ಕೆವು. ಅವ್ವ ಹಾಗೆ ಅಪ್ಪನನ್ನು ಕಾಡಿಸಿದ್ದು ಅದೇ ಕೊನೆ ಇರಬೇಕು.

ಕೊನೆಗೆ ಮನೆ ಮಾಲೀಕರು ರಿಪೇರಿಯವನ ನಂಬರ್ ಕೊಟ್ಟರು. ರೋಗದ ಭಯಕ್ಕೆ ಅವನು ಮನೆಯೊಳಗೆ ಬರುತ್ತಿರಲಿಲ್ಲ, ವಿಡಿಯೋ ಕಾಲಿನಲ್ಲೇ ನೋಡುತ್ತಿದ್ದ. ಫೋನು ಹಿಡಿದವಳು ನಾನು. ಅವನಿಗೆ ಇಂಗ್ಲಿಷ್ ಅಷ್ಟಕ್ಕಷ್ಟೇ, ಅಪ್ಪನಿಗೆ ಡಚ್ ಬಾರದು, ಶಾಲೆಯಲ್ಲಿ ಕಲಿತ ನನ್ನ ಡಚ್ಚೇ ಗತಿ. ಅಪ್ಪ ಬಾಯಿಂದಲೇ ಢಬ್ ಢಬ್ ಮಾಡಿ ತೋರಿಸಿದ. ಯಾವಾಗ ಜಾಸ್ತಿ ಅಂತ ಅವನು ಕೇಳಿದ. ರಾತ್ರಿ, ಮತ್ತೆ ಬೆಳಿಗ್ಗೆ. ಪೆಟ್ಟಿಗೆಯ ಕೆಳಗಿನ ನಲ್ಲಿಗಳನ್ನು ತೋರಿಸು ಅಂದ.

ಕೆಂಪು ಹಿಡಿಕೆಯ ನಲ್ಲಿಯೊಂದು ಅರ್ಧ ಅಡ್ಡ ತಿರುಗಿತ್ತು.

"ಇದು ರೇಡಿಯೇಟರಿಗೆ ಬಿಸಿನೀರು ಹೋಗುವ ದಾರಿ. ಮುಚ್ಚಿದರೆ ನೀರು ಒಳಗೇ ಕುದಿಯುತ್ತದೆ. ಯಾರು ಮುಟ್ಟುತ್ತಾರೆ ಇದನ್ನು?"

ನಾನು ಕನ್ನಡದಲ್ಲಿ ಹೇಳಿದೆ. ಸೌಟು ಹಿಡಿದಿದ್ದ ಅವ್ವನ ಮುಖ ಬಿಳಚಿಕೊಂಡಿತು.

"ಅದು ಗ್ಯಾಸಿಂದಲ್ಲೇನ? ಕೆಂಪದ ಅಂತ... ನಮ್ಮ ಸಿಲಿಂಡರ್ ಕೆಂಪಿತ್ತಲ್ಲ. ದಿನಾ ರಾತ್ರಿ ಬಂದ್ ಮಾಡ್ತೇನಿ, ಮುಂಜಾನೆ ಒಲಿ ಹಚ್ಚೂಮುಂದ ತಗೀತೇನಿ. ಬಿಗಿ ಅದ, ಹಾಕಿದ್ರೂ ತಗದ್ರೂ ಪೂರಾ ತಿರಗೂದಿಲ್ಲ."

ನಲ್ಲಿ ತೆಗೆದೇ ಒಲೆ ಹಚ್ಚುತ್ತಿದ್ದಳು, ಒಲೆ ಹತ್ತುತ್ತಿತ್ತು. ಅನುಮಾನ ಎಲ್ಲಿಂದ ಬರಬೇಕು?

ಅಪ್ಪ ನನ್ನ ಕೈಯಿಂದ ಫೋನು ತಗೊಂಡು, ನಗುತ್ತಾ, ಇಂಗ್ಲಿಷಿನಲ್ಲಿ ಅಂದ: ನನ್ನ ಹೆಂಡತಿ, ಅವಳಿಗೆ ಇದೆಲ್ಲ ತಿಳಿಯೋದಿಲ್ಲ.

ಅವ್ವನಿಗೆ ಅಷ್ಟು ಇಂಗ್ಲಿಷ್ ತಿಳಿಯುತ್ತಿತ್ತು. ಅಪ್ಪನ ಕಡೆ ನೋಡಿದಳು. ದಿನಾ ಕೇಳಿದವರು ನೀವಲ್ಲವೇ ಅನ್ನಬಹುದಿತ್ತು. ಸೆರಗಿಗೆ ಕೈ ಒರೆಸಿಕೊಂಡು ಫೋನಿನ ಮುಂದೆ ಬಂದು ನಿಂತಳು.

"ತಪ್ಪಾತ್ರಿ," ಅಂದಳು ಅವನಿಗೆ. ಆಮೇಲೆ ನನಗೆ, "ಹೇಳವಾ ಅವರಿಗೆ."

ಹೇಳಿದೆ. ನನ್ನವ್ವನ ತಪ್ಪಾಯ್ತು ಎಂಬ ಮಾತನ್ನು ಗುರುತಿಲ್ಲದ ಮನುಷ್ಯನಿಗೆ ಡಚ್ಚಿನಲ್ಲಿ ನಾನೇ ಒಪ್ಪಿಸಿದೆ. ಕ್ಲಾಸಿನ ನಗೆ ಅದರ ಮುಂದೆ ಏನೂ ಅಲ್ಲ. ಇವತ್ತಿಗೂ ನೆನಪಾದರೆ ಮುಖ ಬಿಸಿಯಾಗುತ್ತದೆ, ಅಪ್ಪನ ಸಲುವಾಗಿಯೂ ನಾಚಿಕೆಯಾಗುತ್ತದೆ. ಆ ಮನುಷ್ಯ ಪರವಾಗಿಲ್ಲ ಬಿಡಿ ಅಂದ. ಅಪ್ಪ ನಲ್ಲಿ ಪೂರ್ತಿ ತಿರುಗಿಸಿದ, ಸದ್ದು ನಿಂತಿತು.

ಆ ದಿನ ಮಲಗುವಾಗ ಅಪ್ಪ ರೂಢಿಯಂತೆ "ಗ್ಯಾಸ್..." ಅಂದವನು ಅಲ್ಲಿಗೇ ನಿಲ್ಲಿಸಿದ. ಅವ್ವ ದೀಪ ಆರಿಸಿದಳು. ಮನೆ ಎಷ್ಟು ಬೆಚ್ಚಗಿತ್ತೆಂದರೆ ನಾನು ರಗ್ಗು ಒದ್ದು ಮಲಗಿದೆ, ನಿದ್ದೆ ಮಾತ್ರ ಬರಲಿಲ್ಲ.

ಈಗ ನಾನು ಬೇರೆ ಊರಲ್ಲಿ, ವಾಗೆನಿಂಗನ್‌ನ ವಿಶ್ವವಿದ್ಯಾಲಯದಲ್ಲಿ ಓದುತ್ತೇನೆ. ಅಪ್ಪ ಅವ್ವ ಮನೆ ಬದಲಿಸಿದ್ದಾರೆ. ಅಲ್ಲಿ ಕರೆಂಟಿನ ಒಲೆ. ಕೇಟಲೂ ಇಲ್ಲ, ನಲ್ಲಿಯೂ ಇಲ್ಲ, ಆ ಪ್ರಶ್ನೆಯೂ ಇಲ್ಲ. ಮೊನ್ನೆ ರಜೆಗೆ ಹೋದಾಗ ಮಲಗುವ ಮುಂಚೆ ಅವ್ವ ಬಾಗಿಲಿಗೆ ಕೀಲಿ ಹಾಕಿದ್ದನ್ನು ನಾನೇ ಕಣ್ಣಾರೆ ನೋಡಿದೆ. ಸ್ವಲ್ಪ ಹೊತ್ತಿಗೆ ಹಾಸಿಗೆಯಿಂದ ಅಪ್ಪನ ದನಿ ಬಂತು.

"ಬಾಗಿಲಾ ಹಾಕೀಯೇನ?"

"ನೀವಽ ನೋಡ್ರಿ," ಅಂದಳು ಅವ್ವ.

ಹಾಕಿದ್ದ ಬಾಗಿಲನ್ನು ನೋಡಿಕೊಂಡು ಬರಲು ಅಪ್ಪ ಎದ್ದು ಹೋದ.